ಒಂದೊಂದೇ ಸುತ್ತು ಕಡಿಮೆ

ನನ್ನ ಗಂಡನ ತಲೆಯನ್ನು ನಾನು ಬೀಸುಕಲ್ಲಿನ ಗೂಟದಿಂದ ಒಡೆದೆ. ಮಟಮಟ ಮಧ್ಯಾಹ್ನ, ಇಳಕಲ್ಲಿನ ನಮ್ಮ ಓಣಿಯವರೆಲ್ಲ ಮಗ್ಗದ ಮೇಲಿದ್ದ ಹೊತ್ತು. ಆಗ ನನಗೆ ಹತ್ತೊಂಬತ್ತೋ ಇಪ್ಪತ್ತೋ. ಪ್ಲೇಗಿಗೆ ಹೆದರಿ ಹೊಲದಲ್ಲಿ ಗುಡಿಸಲು ಹಾಕಿಕೊಂಡಿದ್ದ ಜನ ತಿರುಗಿ ಊರು ಸೇರಿ ನಾಲ್ಕೈದು ವರ್ಷವಾಗಿತ್ತು. ಒಡೆದದ್ದಕ್ಕೆ ಇವತ್ತಿಗೂ ನನಗೆ ಪಶ್ಚಾತ್ತಾಪವಿಲ್ಲ. ಪಶ್ಚಾತ್ತಾಪ ಇರುವುದು ಬೇರೊಂದಕ್ಕೆ. ಅದನ್ನು ಹೇಳಲೆಂದೇ ಈ ವಯಸ್ಸಿನಲ್ಲಿ ಮೊಮ್ಮಗಳ ಪಾಟಿಯ ಮೇಲೆ ಅಕ್ಷರ ತಿದ್ದಿ, ಈಗ ಬರೆಯಲು ಕೂತಿದ್ದೇನೆ. ಗಂಡನನ್ನು ‘ಅವನು’ ಎಂದು ಬರೆಯಬಾರದು, ‘ಅವರು’ ಅನ್ನಬೇಕು ಎಂದು ಪಾಟಿ ನೋಡಿ ಮೊಮ್ಮಗಳು ತಿದ್ದುತ್ತಿದ್ದಳು. ಅವಳಿಗಿನ್ನೂ ಮದುವೆಯಾಗಿಲ್ಲ.

ನನ್ನ ತವರು ಹುನಗುಂದ. ಇಳಕಲ್ಲಿಗೆ ಕೊಟ್ಟರು. ಮನೆಯಲ್ಲಿ ಗಂಡ, ಅತ್ತೆ, ನಾನು, ಐದು ತಿಂಗಳ ಮಗಳು. ಒಂದೇ ಮಗ್ಗ, ನೆಲದಲ್ಲಿ ಕುಣಿ ತೋಡಿ ಹೂಡಿದ್ದು. ಆ ಕುಣಿಯಲ್ಲಿ ಕಾಲು ಇಳಿಬಿಟ್ಟು ಗಂಡ ಸೀರೆ ನೇಯುತ್ತಿದ್ದ. ಅವನಂಥ ಕೈ ಓಣಿಯಲ್ಲಿ ಇನ್ನೊಬ್ಬರದಿರಲಿಲ್ಲ, ಆ ಮಾತಿನಲ್ಲಿ ಮೋಸ ಮಾಡಲಾರೆ. ಆದರೆ ಆ ಕೈ ಮುಂಜಾನೆ ಎದ್ದ ಕೂಡಲೇ ನಡುಗುತ್ತಿತ್ತು. ಶೆರೆ ಅಂಗಡಿಗೆ ಹೋಗಿ ಬಂದ ಮೇಲೆಯೇ ಲಾಳಿ ಹಿಡಿಯುತ್ತಿತ್ತು. ಮೊದಮೊದಲು ಸಂಜೆಗೆ ಮಾತ್ರ ಕುಡಿಯುತ್ತಿದ್ದ. ಕುಣಿಯ ಥಂಡಿಗೆ ಮೊಣಕಾಲು ಹಿಡಿಯುತ್ತವೆ, ಅದಕ್ಕೆ ಎನ್ನುತ್ತಿದ್ದ. ಮದುವೆಯಾದ ಎರಡನೇ ವರ್ಷಕ್ಕೆ ಮುಂಜಾನೆ, ಮಧ್ಯಾಹ್ನ, ಸಂಜೆ ಮೂರೂ ಆಯಿತು. ಮುಂಜಾನೆ ಕುಡಿದರೆ ಮಧ್ಯಾಹ್ನದವರೆಗೆ ಬಂಗಾರದಂಥ ಮನುಷ್ಯ. ಮಧ್ಯಾಹ್ನ ಕುಡಿದು ಬಂದರೆ ನನ್ನ ಮೈಮೇಲೆ ಬೀಳುತ್ತಿದ್ದ.

ಒಮ್ಮೆ ಲಾಳಿ ಬೀಸಿ ನನ್ನ ಮುಂದಿನ ಹಲ್ಲು ಮುರಿದ. ಒಮ್ಮೆ ನೂಲಿಗೆ ಹಾಕುವ ಬಿಸಿ ಗಂಜಿಯನ್ನು ಗಡಿಗೆ ಸಮೇತ ಎತ್ತಿ ಒಗೆದ. ತೊಡೆಯ ಮೇಲೆ ಅದರ ಕಲೆ ಇನ್ನೂ ಇದೆ. ನಾನೂ ಸುಮ್ಮನೆ ಹೊಡೆಸಿಕೊಳ್ಳುವ ಪೈಕಿ ಅಲ್ಲ. ಕಚ್ಚುತ್ತಿದ್ದೆ, ಪರಚುತ್ತಿದ್ದೆ, ಒಲೆಯ ಕೊಳ್ಳಿ ಹಿಡಿದು ಎದುರು ನಿಲ್ಲುತ್ತಿದ್ದೆ. ಗಂಡ ಹೆಂಡಿರ ಜಗಳ ಉಂಡು ಮಲಗುವ ತನಕ ಎನ್ನುತ್ತಾರೆ. ನಮ್ಮ ಮನೆಯಲ್ಲಿ ಉಣ್ಣಲು ರೊಟ್ಟಿಯ ಬುಟ್ಟಿಯೇ ನೆಟ್ಟಗೆ ಉಳಿಯುತ್ತಿರಲಿಲ್ಲ.

ನನ್ನ ಪಾಲಿನ ಕೆಲಸ ಕೊಂಡಿ ಹಾಕುವುದು. ಇಳಕಲ್ ಸೀರೆಯ ಮೈಗೆ ಒಂದು ಹಾಸು, ಅಂದರೆ ಮಗ್ಗಕ್ಕೆ ಬಿಗಿದ ಉದ್ದದ ಎಳೆಗಳು, ಸೆರಗಿಗೆ ಕೆಂಪು ರೇಷ್ಮೆಯ ಇನ್ನೊಂದು ಹಾಸು. ಎರಡನ್ನೂ ಮಗ್ಗದ ಮೇಲೆ ಎಳೆಗೆ ಎಳೆ ಸೇರಿಸಿ, ಒಂದರ ಕುಣಿಕೆಯಲ್ಲಿ ಇನ್ನೊಂದನ್ನು ತೂರಿಸಿ ಕೂಡಿಸಬೇಕು. ಸಾವಿರಾರು ಎಳೆ. ನಡುವೆ ಏಳುವಂತಿಲ್ಲ. ಎದ್ದರೆ ಎಲ್ಲಿ ಬಿಟ್ಟೆ ಎಂದು ಹುಡುಕುವುದರಲ್ಲೇ ಹೊತ್ತು ಹೋಗುತ್ತದೆ. ಹೀಗೆ ಕೂತ ಹೆಂಗಸಿನ ತೊಡೆಯ ಮೇಲೆ ಕೂಸು ಅತ್ತರೆ ಏನು ಮಾಡಬೇಕು? ಅದಕ್ಕೆ ಮದ್ದು ಇತ್ತು. ಅತ್ತೆಯ ತಲೆದಿಂಬಿನ ಕೆಳಗೆ ಒಂದು ತಗಡಿನ ಡಬ್ಬಿ, ಅದರಲ್ಲಿ ಅಫೀಮಿನ ಗುಳಿಗೆ. ಮುಂಜಾನೆ ಒಂದು ಗುಳಿಗೆಯನ್ನು ತೇಯುವ ಕಲ್ಲಿನ ಮೇಲೆ ಹಾಲು ಹನಿಸಿ ಒಂಬತ್ತು ಸುತ್ತು ತೇಯ್ದು, ಬೆರಳಿಗೆ ಹಚ್ಚಿ ಕೂಸಿನ ನಾಲಿಗೆಗೆ ಸವರುವುದು. ಸವರಿದರೆ ಕೂಸು ಸಂಜೆಯವರೆಗೆ ತೊಟ್ಟಿಲಲ್ಲಿ ಕಲ್ಲು ಬಿದ್ದಂತೆ ಬಿದ್ದಿರುತ್ತಿತ್ತು.

ನಾನೊಬ್ಬಳೇ ಮಾಡಿದ್ದಲ್ಲ. ನನಗೆ ಅತ್ತೆ ಕಲಿಸಿದಳು, ಅತ್ತೆಗೆ ಅವಳ ಅತ್ತೆ. ಬಾಣಂತಿಯನ್ನು ನೋಡಲು ಬಂದವರು ಹಾಲು ಇದೆಯೇ ಎಂದು ಕೇಳಿದ ಮೇಲೆ ಮದ್ದು ಹಾಕುತ್ತೀಯಾ ಎಂದೇ ಕೇಳುತ್ತಿದ್ದರು. ನಮ್ಮ ಓಣಿಯಲ್ಲಿ ಹಗಲು ಹೊತ್ತು ಮಗ್ಗದ ಸಪ್ಪಳ ಬಿಟ್ಟರೆ ಕೂಸಿನ ಅಳು ಕೇಳುತ್ತಿರಲಿಲ್ಲ. ಬಾಗಲಕೋಟೆಯಿಂದ ಸೀರೆ ಕೊಳ್ಳಲು ಬಂದವರು ‘ಈ ಊರಿನ ಕೂಸುಗೋಳು ಭಾಳ ಶಾಣ್ಯಾ ಅದಾವ ಬಿಡ್ರಿ’ ಎಂದು ಮೆಚ್ಚಿ ಹೋಗುತ್ತಿದ್ದರು. ನಾವು ಹಿಗ್ಗುತ್ತಿದ್ದೆವು.

ಆ ದಿನ ಮುಂಜಾನೆಯಿಂದ ಕೂತು ಅರ್ಧಕ್ಕಿಂತ ಹೆಚ್ಚು ಕೊಂಡಿ ಮುಗಿಸಿದ್ದೆ. ಗಂಡ ಮಧ್ಯಾಹ್ನದ ಶೆರೆ ಕುಡಿದು ಬಂದ. ಹೊಸ್ತಿಲು ಎಡವಿ ಹಾಸಿನ ಮೇಲೆಯೇ ಬಿದ್ದ. ನನ್ನ ಕೊಂಡಿಗಳೆಲ್ಲ ಹರಿದು ಕೆಂಪು ರೇಷ್ಮೆ ಅವನ ಕಾಲಿಗೆ ಸುತ್ತಿಕೊಂಡಿತು. ನಾನು ಬೈದೆ. ಏನು ಬೈದೆ ಎಂದು ಇಲ್ಲಿ ಬರೆಯಲಾರೆ, ಅವನ ಸತ್ತ ಅಪ್ಪನನ್ನೂ ಬಿಡಲಿಲ್ಲ. ಅವನು ಎದ್ದು ನನ್ನ ತುರುಬಿಗೆ ಕೈ ಹಾಕಿ ಕುಣಿಯ ಅಂಚಿಗೆ ಎಳೆದು ಹಣೆ ಗುದ್ದಿದ. ಒಮ್ಮೆ, ಎರಡು ಸಲ. ಮೂರನೆಯ ಸಲ ತಪ್ಪಿಸಿಕೊಂಡು ಅಡುಗೆಮನೆಗೆ ಓಡಿದೆ. ನಾನು ಸಿಗಲಿಲ್ಲವೆಂದು ಅವನು ತೊಟ್ಟಿಲನ್ನು ಒದ್ದ.

ತೊಟ್ಟಿಲು ಗೋಡೆಗೆ ಬಡಿದ ಸಪ್ಪಳ ನನಗೆ ಕೇಳಿತು. ಕೂಸು ಅಳಲಿಲ್ಲ. ಬೀಸುಕಲ್ಲಿನ ಗೂಟವನ್ನು ಕಿತ್ತುಕೊಂಡು ಬಂದೆ, ಎರಡೂ ಕೈಯಲ್ಲಿ ಎತ್ತಿ ಹೊಡೆದೆ. ಅವನು ಕೂತಲ್ಲೇ ಕೂತ. ತಲೆಯಿಂದ ರಕ್ತ ಕಿವಿಯ ಹಿಂದೆ ಇಳಿಯಿತು. ಅವನು ಅದನ್ನು ಮುಟ್ಟಿ ನೋಡಿಕೊಂಡು, ‘ಏ, ಹೊಡದಿ ಏನಲೇ ನೀ?’ ಎಂದ, ನಂಬಿಕೆಯೇ ಬಾರದವನ ಹಾಗೆ. ನನಗೆ ಸಂತೋಷವಾಯಿತು. ಸುಳ್ಳು ಯಾಕೆ ಹೇಳಲಿ, ಹಬ್ಬದಷ್ಟು ಸಂತೋಷವಾಯಿತು.

ಆ ಹುರುಪಿನಲ್ಲಿ ನಿಲ್ಲಲಿಲ್ಲ. ಮೂಲೆಯಲ್ಲಿದ್ದ ಅವನ ಶೆರೆಯ ಗಡಿಗೆಯನ್ನು ತಂದು ಹೊಸ್ತಿಲಿಗೆ ಕುಕ್ಕಿ ಒಡೆದೆ. ಅಷ್ಟರಲ್ಲಿ ಅತ್ತೆ ‘ನನ್ನ ಮಗನ್ನ ಕೊಂದ್ಲಪಾ’ ಎಂದು ಎದೆ ಬಡಿದುಕೊಳ್ಳುತ್ತಿದ್ದಳು. ಅವಳೂ ಮೊಣಕಾಲು ನೋವಿಗೆಂದು ದಿನಕ್ಕೆ ಎರಡು ಹೊತ್ತು ಅಫೀಮು ನುಂಗುವವಳು. ದಿಂಬು ಎತ್ತಿ ಡಬ್ಬಿ ತೆಗೆದು ಉರಿಯುವ ಒಲೆಗೆ ಸುರುವಿದೆ.

‘ಕೂಸಿನ ಮದ್ದೂ ಅದರಾಗ ಐತೆಲ್ಲಲೇ ಹುಚ್ಚಿ!’ ಎಂದು ಅತ್ತೆ ಕೂಗಿದಳು.

‘ಇರಲಿ. ಅತ್ರ ಅಳಲಿ ಕೂಸು. ಈ ಮನ್ಯಾಗ ಇನ್ನ ಮ್ಯಾಲೆ ನಶಾ ಅನ್ನೂದು ಇರಬಾರದು.’

ಓಣಿಯ ತುದಿಗೆ ಒಬ್ಬ ಪಿಂಜಾರರ ಅಜ್ಜಿ ಇದ್ದಳು, ಹತ್ತಿ ಹಿಂಜುವ ಮನೆಯವಳು. ಹೆರಿಗೆ, ಗಾಯ, ಬಾವು ಎಲ್ಲಕ್ಕೂ ನಮಗೆ ಅವಳೇ ದವಾಖಾನೆ. ಬಂದು ಗಂಡನ ತಲೆ ತೊಳೆದು ಅರಿಸಿನ ತುಂಬಿ ಕಟ್ಟಿದಳು. ನನ್ನ ಹಣೆಯನ್ನೂ ನೋಡಿ, ‘ಇಬ್ರೂ ಚಲೋ ಜೋಡಿ ಸಿಕ್ಕೀರಿ’ ಎಂದು ನಕ್ಕು ಹೋದಳು.

ಮರುದಿನ ಮುಂಜಾನೆ ಗಂಡ ತಲೆಗೆ ಕಟ್ಟಿದ ಅರಿವೆಯೊಂದಿಗೇ ಶೆರೆ ಅಂಗಡಿಗೆ ಹೋಗಿ ಬಂದ. ಅತ್ತೆಗೆ ಸಂಜೆಯೊಳಗೆ ಸೀನು, ವಾಂತಿ, ಭೇದಿ ಹತ್ತಿದವು. ಕಾಲೊಳಗೆ ಇರುವೆ ಹರಿಯುತ್ತಿವೆ ಎಂದು ಒದ್ದಾಡುತ್ತ, ನನ್ನ ತಲೆಗೆ ಹಿತ್ತಾಳೆಯ ತಂಬಿಗೆ ಎಸೆದಳು. ಅವಳ ಮೈಯಿಂದ ನಶೆ ಇಳಿಯುತ್ತಿದೆ, ಇಳಿಯಲಿ ಎಂದುಕೊಂಡೆ. ಆದರೆ ಕೂಸು? ಕೂಸು ಹಿಂದಿನ ರಾತ್ರಿಯೆಲ್ಲ ಅತ್ತಿತ್ತು. ಹಗಲೂ ಅತ್ತಿತು. ಐದು ತಿಂಗಳಲ್ಲಿ ಅದು ಅಷ್ಟು ಅತ್ತದ್ದೇ ಇಲ್ಲ. ಮೊಲೆ ಬಾಯಿಗಿಟ್ಟರೆ ಒಮ್ಮೆ ಜಗ್ಗಿ ಬಿಟ್ಟುಬಿಡುತ್ತಿತ್ತು. ಹಸಿರು ಭೇದಿ. ಮೈ ಬಿಲ್ಲಿನಂತೆ ಹಿಂದಕ್ಕೆ ಬಾಗಿಸಿ ಕಿರುಚುವುದು, ದನಿ ಸೋತಾಗ ಬರೀ ಬಾಯಿ ತೆರೆದು ಅಳುವುದು.

ತೊಟ್ಟಿಲು ಒದ್ದದ್ದರಿಂದ ಕೂಸಿಗೆ ಒಳಪೆಟ್ಟು ಬಿದ್ದಿದೆ ಎಂದು ನಾನು ತೀರ್ಮಾನಿಸಿದೆ. ಕೂಸು ಸತ್ತರೆ ಅವನನ್ನೂ ಕೊಲ್ಲುವುದು ಎಂದೂ ತೀರ್ಮಾನಿಸಿದೆ. ಇದು ಸಿಟ್ಟಿನಲ್ಲಿ ಆಡುವ ಮಾತಾಗಿರಲಿಲ್ಲ. ಮೂರನೆಯ ದಿನ ಮುಂಜಾನೆ ಕೂಸನ್ನು ಎದೆಗೆ ಕಟ್ಟಿಕೊಂಡು, ಅದೇ ಗೂಟವನ್ನು ತೊಡೆಯ ಮೇಲಿಟ್ಟುಕೊಂಡು ಬಾಗಿಲಿಗೆ ಅಡ್ಡ ಕೂತೆ.

‘ಬಾಗಲಾ ಬಿಡು. ಅಂಗಡಿಗೆ ಹೋಗ್ತೇನಿ’ ಎಂದ ಗಂಡ.

‘ಇದರ ಜೀವ ಹೋಗೂದನ್ನ ಕಣ್ಣಾರೆ ನೋಡು. ಆ ಮ್ಯಾಲೆ ನಿನ್ನನ್ನ ಕಳಿಸ್ತೇನಿ.’

ಅವನು ಗೋಡೆಗೆ ಒರಗಿ ಕೂತ. ಮಧ್ಯಾಹ್ನವಾಯಿತು. ಹನಿ ಶೆರೆ ಇಲ್ಲದೆ ಅವನ ಮುಖ ಬೆವರಿತು, ಕೈ ಕುಣಿಯತೊಡಗಿತು. ನನಗೆ ಮರುಕ ಬರಲಿಲ್ಲ. ಆಮೇಲೆ ಅವನು ನೆಲದ ಮೇಲೆ ತೆವಳುತ್ತ ನನ್ನ ಹತ್ತಿರ ಬಂದು ಕೂಸಿನ ಕೈ ಮುಟ್ಟಲು ಹೋದ. ಗೂಟ ಬೀಸಿದೆ. ಭುಜಕ್ಕೆ ಬಿತ್ತು. ಅವನು ಹಿಂದೆ ಸರಿಯಲಿಲ್ಲ. ಮತ್ತೆ ಬೀಸಿದೆ. ಆಗಲೂ ಸರಿಯದೆ, ಕೂಸಿನ ಮುಷ್ಟಿಯ ಪಕ್ಕಕ್ಕೆ ತನ್ನ ಕೈ ಚಾಚಿ ಹಿಡಿದ.

‘ಹೊಡಿ, ಎಷ್ಟರೆ ಹೊಡಿ. ಮೊದಲ ಈ ಕೈ ನೋಡು. ನನ್ನ ಕೈ ನೋಡು.’

ನೋಡಿದೆ. ಎರಡೂ ಕೈ ಒಂದೇ ತೆರದಲ್ಲಿ ನಡುಗುತ್ತಿದ್ದವು. ಒಂದು ದೊಡ್ಡದು, ಒಂದು ಬೊಗಸೆಯಲ್ಲಿ ಕಳೆದುಹೋಗುವಷ್ಟು ಸಣ್ಣದು.

‘ಇದು ಪೆಟ್ಟಲ್ಲಲೇ. ಇದಕ್ಕ ಬೇಕಾಗೇತಿ. ನನಗ ಮುಂಜಾನೆ ಹ್ಯಾಂಗ ಬೇಕಾಗತೈತಿ, ಹಾಂಗ ಬೇಕಾಗೇತಿ. ಇದನ್ನ ಕುಡುಕೀನ ಮಾಡಿಟ್ಟೀ ನೀ.’

ಐದು ತಿಂಗಳು ದಿನಾ ಒಂಬತ್ತು ಸುತ್ತು. ನನ್ನ ಬೆರಳೇ. ಗಂಡನಿಗೆ ಶೆರೆ ಕುಡಿಸುವ ಅಂಗಡಿಯವನನ್ನು ಬಾಯಿತುಂಬ ಶಪಿಸುತ್ತಿದ್ದ ನಾನು ಮನೆಯಲ್ಲೇ ಅಂಗಡಿ ಇಟ್ಟಿದ್ದೆ, ಗಿರಾಕಿಗೆ ಇನ್ನೂ ಹಲ್ಲು ಬಂದಿರಲಿಲ್ಲ. ಅದು ಹೊಳೆದ ಮೇಲೂ ನಾನು ಒಪ್ಪದೆ ‘ಬಾಯಿ ಮುಚ್ಚು’ ಎಂದು ಚೀರಿದೆ. ಅವನು ಎದ್ದು ನಿಂತು, ‘ಬಾಗಲಾ ಬಿಡು, ಅದಕ್ಕ ತರ್ತೇನಿ’ ಎಂದ. ಬಿಟ್ಟೆ.

ಸರ್ಕಾರದ ಲೈಸೆನ್ಸಿನ ಅಫೀಮಿನ ಅಂಗಡಿ ಇದ್ದದ್ದು ಶೆರೆ ಅಂಗಡಿಯ ಆಚೆ. ಶೆರೆ ಅಂಗಡಿ ದಾಟದೆ ಅಲ್ಲಿಗೆ ದಾರಿ ಇಲ್ಲ. ಇನ್ನು ಅವನು ಬಂದ ಹಾಗೇ ಇದೆ ಎಂದುಕೊಂಡು ಕೂತೆ. ಒಲೆಯ ಮೇಲೆ ಇಟ್ಟ ಹಾಲು ಉಕ್ಕುವುದರೊಳಗೆ ಬಂದ. ಗೋಡೆ ಹಿಡಿದು ಹಿಡಿದು ಬಂದಿದ್ದ, ಬೆವರಿಗೆ ಅಂಗಿ ಮೈಗೆ ಅಂಟಿತ್ತು. ಮುಷ್ಟಿಯಲ್ಲಿ ಎಲೆ ಸುತ್ತಿದ ಗುಳಿಗೆ. ಬಾಯಿಗೆ ಮೂಗು ತಂದು ಮೂಸಿದೆ, ಅಷ್ಟು ಕೆಟ್ಟವಳು ನಾನು. ವಾಸನೆ ಇರಲಿಲ್ಲ.

ಪಿಂಜಾರರ ಅಜ್ಜಿಯನ್ನು ಕರೆದು ತಂದಿದ್ದೂ ಅವನೇ. ಅಜ್ಜಿ ಕೂಸಿನ ಕಣ್ಣು ಬಿಡಿಸಿ ನೋಡಿ ನನಗೆ ಛೀಮಾರಿ ಹಾಕಿದಳು. ‘ಕೊಟ್ಟಾಕಿನೂ ನೀನ, ಒಮ್ಮೆಲೆ ಕಿತ್ತಾಕಿನೂ ನೀನ. ಹತ್ತಿ ಎಳೀ ಗಡಬಡಿಸಿ ಜಗ್ಗಿದ್ರ ಹರೀತೈತಿ, ಗೊತ್ತಿಲ್ಲೇನವಾ ನಿನಗ? ನೇಕಾರ ಮನೀ ಸೊಸಿ ನೀ. ಇವತ್ತ ಒಂಬತ್ತ ಸುತ್ತು ತೇದು ಹಾಕು. ಎಂಟ ದಿನ ಬಿಟ್ಟು ಎಂಟ ಸುತ್ತು. ಮತ್ತ ಎಂಟ ದಿನಕ್ಕ ಏಳು. ಅತ್ರ ಎತಗೊಂಡು ಕೂಡು. ಕೊಂಡೀ ಹಾಳಾದ್ರ ಹಾಳಾಗಲಿ.’

ತೇಯ್ದೆ. ಸುತ್ತಿನ ಲೆಕ್ಕ ತಪ್ಪಿತು. ಗಂಡ ಪಕ್ಕದಲ್ಲಿ ಕೂತು ಬಾಯಿಬಿಟ್ಟು ಎಣಿಸಿದ. ನಾಲಿಗೆಗೆ ಸವರಿದ ಸ್ವಲ್ಪ ಹೊತ್ತಿಗೆ ಕೂಸಿನ ಮೈ ಸಡಿಲವಾಯಿತು, ಮೊಲೆ ಹಿಡಿಯಿತು. ನಾನು ಅತ್ತದ್ದು ಆಗಲೇ. ವಿಷ ತಿಂದು ಬದುಕಿದ ನನ್ನ ಕೂಸನ್ನು ನೋಡಿ ಕಣ್ಣೀರು ಹಾಕಿದೆ. ಅತ್ತೆಗೂ ಒಂದು ಗುಳಿಗೆ ಕೊಟ್ಟೆವು, ಆ ಮುದುಕಿಯ ಜೊತೆ ಹಟ ಬಿಟ್ಟೆ.

ಅಲ್ಲಿಂದ ಎರಡು ತಿಂಗಳು ನಮ್ಮ ಮನೆ ಓಣಿಗೆಲ್ಲ ಬೇಡವಾಯಿತು. ಒಂದೊಂದು ಸುತ್ತು ಇಳಿಸಿದಾಗಲೂ ಕೂಸು ಎರಡು ದಿನ ರಂಪ ಮಾಡುತ್ತಿತ್ತು. ಪಕ್ಕದ ಮನೆಯವರು ಗೋಡೆ ಬಡಿದು ಬೈಯುತ್ತಿದ್ದರು. ಮದ್ದು ಹಾಕಲು ಬಾರದ ತಾಯಿ ಎಂದು ಹೆಂಗಸರು ನೀರು ಸೇದುವಲ್ಲಿ ಆಡಿಕೊಂಡರು. ಒಬ್ಬಳಿಗೆ ಕೊಡದಿಂದಲೇ ಉತ್ತರ ಕೊಟ್ಟೆ, ಅವಳ ಮೂಗಿನ ನತ್ತು ಬಾಗಿತು. ಕೂಸನ್ನು ಬೆನ್ನಿಗೆ ಕಟ್ಟಿಕೊಂಡು ಕೊಂಡಿ ಹಾಕುತ್ತಿದ್ದೆ. ಎಳೆ ತಪ್ಪುತ್ತಿದ್ದವು. ಆ ದಿನಗಳ ಸೀರೆಗಳ ಸೆರಗೆಲ್ಲ ಸೊಟ್ಟ. ಯಾರು ಉಟ್ಟರೋ ಪಾಪ.

ಗಂಡ ಕುಡಿಯುವುದನ್ನು ಬಿಡಲಿಲ್ಲ. ಆದರೆ ಮುಂಜಾನೆ ಕೂಸಿನ ಮದ್ದು ತೇಯುವ ತನಕ ಅಂಗಡಿಗೆ ಹೋಗುತ್ತಿರಲಿಲ್ಲ. ನಡುಗುವ ಕೈಯನ್ನು ಕಂಕುಳಲ್ಲಿ ಒತ್ತಿಕೊಂಡು ಕೂತು ಸುತ್ತು ಎಣಿಸುತ್ತಿದ್ದ. ಆರು, ಐದು, ನಾಲ್ಕು. ಕೂಸು ಆಮೇಲೆ ಕಣ್ಣಿಟ್ಟು ನೋಡಲು ಕಲಿಯಿತು. ಎಲ್ಲರಿಗಿಂತ ಮೊದಲು ಅವನ ಮುಖ ನೋಡಿ ನಕ್ಕಿತು. ಅದಕ್ಕೂ ನನಗೆ ಹೊಟ್ಟೆ ಉರಿಯಿತು.

ಮೂರು ಸುತ್ತಿಗೆ ಇಳಿದ ದಿನ ಅವನು ಕೇಳಿದ. ನನ್ನ ಮುಖ ನೋಡದೆ, ತೇಯುವ ಕಲ್ಲನ್ನು ನೋಡುತ್ತ ಕೇಳಿದ. ‘ನನಗೂ ಹಿಂಗ ಮಾಡಾಕ ಬರತೈತೇನ? ಶೆರೆ ತಂದು ನಿನ್ನ ಕೈಯಾಗ ಕೊಡ್ತೇನಿ. ನೀ ಅಳದು ಹಾಕು. ದಿನಾ ಒಂದೊಂದ ಗುಟುಕು ಕಡಿಮಿ ಮಾಡು. ನಾ ಕೇಳಿದ್ರೂ ಕೊಡಬ್ಯಾಡ, ಬಡದ್ರೂ ಕೊಡಬ್ಯಾಡ.’

ಹಿಂದಿನ ಮಧ್ಯಾಹ್ನವೇ ಅವನು ನನ್ನ ಬೆನ್ನಿಗೆ ಒದ್ದಿದ್ದ. ಆ ನೋವು ಇನ್ನೂ ಇತ್ತು. ನಾನು ಹೇಳಿದೆ, ‘ತೊಟ್ಟಿಲಾಗ ಹಾಕಿ ಜೋಗುಳಾನೂ ಹಾಡಬೇಕೇನ ನಿನಗ? ಕೂಸಿನ ಜೋಡಿ ಸರಿ ಹೋಲಸ್ಕೊಳಾಕ ನಾಚಿಕಿ ಆಗೂದಿಲ್ಲ? ಗಂಡಸಾಗಿದ್ರ ಒಮ್ಮೆಲೆ ಬಿಡು. ಇಲ್ಲಾಂದ್ರ ಸಾಯಿ, ನನಗ ಸಾಕಾಗೇತಿ.’

ಅವನು ‘ಆತು’ ಎಂದ. ಅಷ್ಟೇ ಹೇಳಿದ. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು.

ಆ ಮುಂಜಾನೆ ಅವನು ಅಂಗಡಿಗೆ ಹೋಗಲಿಲ್ಲ. ಮಧ್ಯಾಹ್ನವೂ ಹೋಗಲಿಲ್ಲ. ಸಂಜೆ ಅತ್ತೆ ಹೆದರಿ ‘ಒಂದಿಷ್ಟರೆ ಕುಡದು ಬಾರೋ ಯಪ್ಪಾ’ ಎಂದು ಕೈಮುಗಿದಳು. ಇವನು ತಲೆ ಅಲ್ಲಾಡಿಸಿದ. ಎರಡನೆಯ ದಿನ ಗೋಡೆಯ ಮೇಲೆ ಚೇಳು ಹರಿಯುತ್ತಿವೆ ಎಂದು ಲಾಳಿಯಿಂದ ಗೋಡೆ ಬಡಿದ. ತನ್ನ ಮೈಯನ್ನೂ ಬಡಿದುಕೊಂಡ. ನಾನು ಕೈ ಹಿಡಿಯಲು ಹೋದರೆ ನನ್ನನ್ನು ಗುರುತಿಸದೆ ಕುತ್ತಿಗೆ ಹಿಸುಕಿದ. ಬಿಡಿಸಿಕೊಂಡು, ನಾಟಕ ಮಾಡುತ್ತಾನೆ ಎಂದುಕೊಂಡೆ. ನನ್ನ ಬಾಯಿಂದಲೇ ‘ಹೋಗಿ ಕುಡಿ’ ಎನ್ನಿಸಬೇಕೆಂದು ಹಟ ಹಿಡಿದಿದ್ದಾನೆ ಎಂದುಕೊಂಡೆ. ಅನ್ನಲಿಲ್ಲ.

ಮೂರನೆಯ ದಿನ ಮುಂಜಾನೆ ಅವನು ಮಗ್ಗಕ್ಕೆ ಕೂತ. ಎರಡು ಸಲ ಲಾಳಿ ಎಸೆದ. ಮೂರನೆಯ ಸಲ ಕೈ ಮೇಲೆತ್ತಿದವನು ಹಾಗೇ ಸೆಟೆದುಕೊಂಡ. ಹಲ್ಲು ಕಚ್ಚಿತು, ಬಾಯಲ್ಲಿ ರಕ್ತದ ನೊರೆ ಬಂತು. ಇಡೀ ಮೈ ಒದ್ದಾಡುತ್ತ ಕುಣಿಯೊಳಗೆ ಜಾರಿತು. ತಲೆ ಅಂಚಿಗೆ ಬಡಿಯುತ್ತಿತ್ತು, ನಾನು ಹಿಡಿದರೂ ಬಡಿಯುತ್ತಿತ್ತು. ಅತ್ತೆ ಮತ್ತು ನಾನು ಕಂಕುಳಿಗೆ ಕೈ ಹಾಕಿ ಎಳೆದೆವು. ಸೆಟೆತ ಒಮ್ಮೆ ನಿಂತು ಮತ್ತೆ ಬಂತು. ಪಿಂಜಾರರ ಅಜ್ಜಿ ಬರುವುದರೊಳಗೆ ಮೂರನೆಯ ಸಲ ಬಂತು, ಆಮೇಲೆ ಬರಲಿಲ್ಲ, ಉಸಿರೂ ಬರಲಿಲ್ಲ. ಅಜ್ಜಿ ಅವನ ಬಾಯಿ ಮೂಸಿ ನೋಡಿ, ‘ಯಾವಾಗ ಬಿಟ್ಟಿದ್ದ?’ ಎಂದಳು.

‘ಮೂರು ದಿನಾ ಆತು.’

‘ಒಮ್ಮೆಲೇನ?’

ಅಜ್ಜಿ ನನ್ನ ಮುಖ ನೋಡಿದಳು. ಆಮೇಲೆ ತನ್ನ ಸೆರಗಿನಿಂದ ಅವನ ಬಾಯಿ ಒರೆಸಿದಳು. ಅವಳು ಆ ಮಾತನ್ನು ಓಣಿಯಲ್ಲಿ ಯಾರ ಮುಂದೆಯೂ ಆಡಲಿಲ್ಲ. ಓಣಿಯವರು ಕುಡಿದು ಕುಡಿದು ಸತ್ತ ಎಂದರು. ಅದೇ ಮಾತು ಊರ ಮಾತಾಯಿತು.

ಎಷ್ಟೋ ವರ್ಷಗಳ ಮೇಲೆ ಖಾದಿ ಉಟ್ಟವರು ಬಂದು ಶೆರೆ ಅಂಗಡಿಯ ಮುಂದೆ ಕೂತರು. ದೇಶದ ಮನೆಮನೆಯನ್ನೂ ಕುಡಿತ ತಿನ್ನುತ್ತಿದೆ ಎಂದು ಭಾಷಣ ಮಾಡಿದರು. ಖರೆ ಮಾತು. ನನ್ನನ್ನೂ ಮುಂದೆ ಕರೆದು, ನೋಡಿರಿ ಕುಡಿತ ಈ ತಾಯಿಯ ಕುಂಕುಮ ಅಳಿಸಿದೆ ಎಂದರು. ಜನ ಲೊಚಗುಟ್ಟಿದರು. ತೊಟ್ಟಿಲುಗಳ ಸುದ್ದಿ ಯಾರೂ ಎತ್ತಲಿಲ್ಲ, ಆ ಗುಂಪಿನಲ್ಲಿ ನಿಂತ ತಾಯಂದಿರಲ್ಲಿ ಎಷ್ಟೋ ಜನ ಮುಂಜಾನೆ ಮದ್ದು ತೇಯ್ದೇ ಬಂದಿದ್ದರು. ಗಂಡನ ಸಾವಿನ ಬಗ್ಗೆ ಯಾರೂ ನನ್ನನ್ನು ಏನೂ ಕೇಳಲಿಲ್ಲ. ಕೇಳಿದ್ದರೂ ಹೇಳುತ್ತಿರಲಿಲ್ಲ.

ಹೊಡೆಯುವ ಗಂಡನನ್ನು ನಾನು ದ್ವೇಷಿಸಿದೆ, ಅದರಲ್ಲಿ ತಪ್ಪಿಲ್ಲ. ಆದರೆ ಕೂಸಿನ ಜೀವ ಉಳಿದದ್ದು ಯಾವ ರೀತಿಯಿಂದ ಎಂದು ಕಣ್ಣಾರೆ ಕಂಡವಳು ನಾನು. ಒಂಬತ್ತು ವಾರದ ತಾಳ್ಮೆ ನನ್ನಲ್ಲಿ ಇತ್ತು. ಅದರಲ್ಲಿ ತನ್ನ ಪಾಲನ್ನು ಅವನು ಬಾಯಿಬಿಟ್ಟು ಕೇಳಿದ, ನಾನು ಕೊಡಲಿಲ್ಲ. ನನ್ನ ಮಗಳಿಗೆ ಈಗ ಮಕ್ಕಳಿದ್ದಾರೆ. ಅಪ್ಪ ಹೇಗೆ ಸತ್ತ ಎಂದು ಅವಳು ಕೇಳಿದಾಗಲೆಲ್ಲ ಕುಡಿದು ಸತ್ತ ಎಂದೇ ಹೇಳಿದ್ದೇನೆ. ಅವಳು ಅಪ್ಪನನ್ನು ಬೈದು ಸುಮ್ಮನಾಗುತ್ತಾಳೆ. ಈ ಹಾಳೆಗಳನ್ನು ಮೊದಲು ಅವಳೇ ಓದಬೇಕು. ನಿನ್ನಪ್ಪ ಸತ್ತಾಗ ಅವನ ಬಾಯಲ್ಲಿ ಶೆರೆಯ ವಾಸನೆ ಇರಲಿಲ್ಲ, ಮಗಳೇ. ಬಿಡು ಎಂದವಳು ನಾನು, ಅವನು ಬಿಟ್ಟಿದ್ದ.